‘ಶ್ಯಾವ್‌ಷ್ವೊ’ಗೆ ಕನ್ನಡದಲ್ಲಿ ಏನನ್ನೋಣ? ಕಾದಂಬರಿಯೋ, ಕತೆಯೋ, ಅಂತೆಕಂತೆಯೋ?

ಬಳಗದವರಿಗೆ ನಮಸ್ಕಾರ.

ಚೀನಾದ ಆಧುನಿಕ ಕತೆ-ಕಾದಂಬರಿಗಳ ಚರಿತ್ರೆಯ ಮೇಲೆ ಒಂದು ಲೇಖನ ಬರೆಯುತ್ತಿದ್ದೇನೆ. ಎಲ್ಲ ಪುಟಗಳಲ್ಲೂ ಒಂದೇ ಪದ ಅಡ್ಡಬರುತ್ತಿದೆ: ಶ್ಯಾವ್‌ಷ್ವೊ. ಇಂಗ್ಲಿಷಿನ ದಾರಿಯಲ್ಲಿ ಹೋದರೆ ‘ನಾವೆಲ್’ ಅಥವಾ ‘ಫಿಕ್ಷನ್’ ಅಂತ ಸಿಗುತ್ತದೆ, ಅಲ್ಲಿಂದ ‘ಕಾದಂಬರಿ’ಗೆ ಬಂದು ನಿಲ್ಲುತ್ತೇವೆ. ಹಾಗೇ ಬರೆದುಬಿಟ್ಟರೆ ‘ಲು ಶುನ್ ಚೀನಾದ ಆಧುನಿಕ ಕಾದಂಬರಿಯ ಜನಕ’ ಎಂಬಂಥ ವಾಕ್ಯ ಹುಟ್ಟುತ್ತದೆ. ಲು ಶುನ್ ಕಾದಂಬರಿಯನ್ನೇ ಬರೆಯಲಿಲ್ಲ. ಅವರ ಕತೆಗಳಲ್ಲಿ ತೀರಾ ಉದ್ದದ್ದೆಂದರೆ ‘ಆ ಕ್ಯೂ’ ಎಂಬ ಹೆಸರಿನ ಕೂಲಿಯವನ ಒಂಬತ್ತು ಅಧ್ಯಾಯಗಳ ಕತೆ. ನಮ್ಮ ಲೆಕ್ಕದಲ್ಲಿ ಅದು ನೀಳ್ಗತೆ.

ಚೀನೀ ಭಾಷೆಯಲ್ಲಿ ಈ ತೊಂದರೆ ಇಲ್ಲ. ಗಿಡ್ಡದ್ದೂ ಶ್ಯಾವ್‌ಷ್ವೊ, ನಡುವಿನದ್ದೂ ಶ್ಯಾವ್‌ಷ್ವೊ, ಉದ್ದದ್ದೂ ಶ್ಯಾವ್‌ಷ್ವೊ. ಪದದ ಮೊದಲಿಗೆ ಒಂದು ವಿಶೇಷಣ ಸೇರಿಸಿದರೆ ಮುಗಿಯಿತು. ನಮ್ಮಲ್ಲಿ ಕತೆಗೂ ಕಾದಂಬರಿಗೂ ನಡುವೆ ಗೋಡೆ ಎದ್ದಿದೆ.

ಪದ ಬಿಡಿಸಿದರೆ ‘ಶ್ಯಾವ್’ ಅಂದರೆ ಸಣ್ಣ, ‘ಷ್ವೊ’ ಅಂದರೆ ಮಾತು, ಹೇಳಿಕೆ. ಹಾಗಂತ ‘ಸಣ್ಣಕತೆ’ ಅಂದುಕೊಂಡರೆ ಕೆಟ್ಟಿತು. 120 ಅಧ್ಯಾಯಗಳ ಹಳೆಯ ಚೀನೀ ಕಾದಂಬರಿ ‘ಕೆಂಪು ಮಹಡಿಯ ಕನಸು’ ಕೂಡ ಇದೇ ‘ಸಣ್ಣ ಮಾತಿನ’ ಗುಂಪಿಗೆ ಸೇರಿದ್ದು. ಇಲ್ಲಿ ಸಣ್ಣ ಎನ್ನುವುದು ಅಳತೆಗಲ್ಲ, ಯೋಗ್ಯತೆಗೆ. ನಾವು ‘ಸಣ್ಣ ಬುದ್ಧಿ’, ‘ಸಣ್ಣತನ’ ಅನ್ನುವುದಿಲ್ಲವೇ, ಆ ಸಣ್ಣ.

ಸಾಮಾನ್ಯ ಶಕ 1ನೆಯ ಶತಮಾನದಲ್ಲಿ ಬಾನ್ ಗು ಬರೆದ ಹಾನ್ ವಂಶದ ಚರಿತ್ರೆಯಲ್ಲಿ ಗ್ರಂಥಗಳ ಪಟ್ಟಿಯೊಂದಿದೆ. ಅದರಲ್ಲಿ ಚಿಂತಕರ 10 ಪಂಗಡಗಳನ್ನು ಹೆಸರಿಸಿ, ಈ ಪೈಕಿ ಕಣ್ಣುಹಾಯಿಸಲು ಯೋಗ್ಯವಾದವು 9 ಮಾತ್ರ ಎಂದಿದೆ. ಪಂಕ್ತಿಯಿಂದ ಎದ್ದುಹೋಗಬೇಕಾದ ಹತ್ತನೆಯದು ಶ್ಯಾವ್‌ಷ್ವೊ. ಅದಕ್ಕೆ ಕೊಟ್ಟ ವಿವರಣೆಯೂ ಹಾಗೇ ಇದೆ: ಬೀದಿಯಲ್ಲಿ ಆಡಿದ್ದು, ಓಣಿಯಲ್ಲಿ ಕೇಳಿದ್ದು, ದಾರಿಹೋಕರು ಕಟ್ಟಿದ್ದು. ಕನ್ನಡದಲ್ಲಿ ಇದಕ್ಕೆ ‘ಅಂತೆಕಂತೆ’ಗಿಂತ ಹತ್ತಿರದ ಮಾತು ನನಗೆ ತೋಚುತ್ತಿಲ್ಲ.

ಈ ಕೀಳು ಪಟ್ಟದಿಂದ ಪದವನ್ನು ಮೇಲೆತ್ತುವ ಜಗಳವೇ ನಾನು ಬರೆಯಹೊರಟ ಚರಿತ್ರೆ. ಜಪಾನಿನಲ್ಲಿ ವಿಮರ್ಶಕ ತ್ಸುಬೊಉಚಿ ಶೋಯೊ 1885ರಲ್ಲಿ ಈ ಪದದ ಇದೇ ಎರಡು ಚೀನೀ ಅಕ್ಷರಗಳನ್ನು ಪಾಶ್ಚಾತ್ಯ ನಾವೆಲ್‌ಗೆ ತೊಡಿಸಿದರು. ಚೀನಾದಲ್ಲಿ 1898ರ ಆಡಳಿತ ಸುಧಾರಣೆ ನೆಲಕಚ್ಚಿದ ಮೇಲೆ ತಲೆತಪ್ಪಿಸಿಕೊಂಡು ಜಪಾನಿಗೆ ಬಂದ ಸುಧಾರಕ ಲಿಯಾಂಗ್ ಚಿಚಾವ್, 1902ರಲ್ಲಿ ಯೋಕೊಹಾಮದಿಂದ ‘ಹೊಸ ಶ್ಯಾವ್‌ಷ್ವೊ’ ಎಂಬ ಪತ್ರಿಕೆಯನ್ನೇ ಶುರುಮಾಡಿದರು. ಒಂದು ದೇಶದ ಜನರನ್ನು ಹೊಸಬರನ್ನಾಗಿಸಬೇಕಾದರೆ ಮೊದಲು ಆ ದೇಶದ ಶ್ಯಾವ್‌ಷ್ವೊವನ್ನು ಹೊಸದಾಗಿಸಬೇಕು ಎಂಬುದು ಅವರ ವಾದ. ಇಲ್ಲಿ ‘ಕಾದಂಬರಿ’ ಹಾಕಿದರೆ ಓದಲು ಸಲೀಸು. ಆದರೆ ಅದೇ ಲೇಖನದಲ್ಲಿ ಓದುಗರ ಮನಸ್ಸು ಕದಲಿಸುವ ಬರಹಕ್ಕೆ ಅವರು ಕೊಡುವ ಉದಾಹರಣೆಗಳಲ್ಲಿ ವಾಂಗ್ ಷಿಫು, ಕೊಂಗ್ ಷಾಂಗ್‌ರೆನ್ ಇವರ ನಾಟಕಗಳ ಸನ್ನಿವೇಶಗಳೂ ಇವೆ! ಆಗಿನ ಶ್ಯಾವ್‌ಷ್ವೊದ ಚೀಲದಲ್ಲಿ ನಾಟಕಕ್ಕೂ ಜಾಗವಿತ್ತು. ‘ಕಾದಂಬರಿ’ ಎಂದ ಕೂಡಲೇ ಆ ಚೀಲದ ಬಾಯಿ ಕಟ್ಟಿದಂತೆ.

ಮುಂದಿನದು ಗೊತ್ತಿರುವಂಥದ್ದೇ. 1918ರ ಮೇ ಸಂಚಿಕೆಯ ‘ಹೊಸ ಯುವಜನ’ ಪತ್ರಿಕೆಯಲ್ಲಿ ಲು ಶುನ್ ಅವರ ‘ಹುಚ್ಚನ ದಿನಚರಿ’ ಬಂತು. ಮುನ್ನುಡಿ ಹಳೆಯ ಗ್ರಾಂಥಿಕ ಭಾಷೆಯಲ್ಲಿ, ದಿನಚರಿ ಆಡುಮಾತಿಗೆ ಹತ್ತಿರದ ಬರಹದಲ್ಲಿ. 1920ರಿಂದ ಅವರು ಪೀಕಿಂಗ್ ವಿಶ್ವವಿದ್ಯಾಲಯದಲ್ಲಿ ಇದೇ ಶ್ಯಾವ್‌ಷ್ವೊದ ಚರಿತ್ರೆಯನ್ನು ಪಾಠಮಾಡಿ, 1923-24ರಲ್ಲಿ ಪುಸ್ತಕವಾಗಿ ತಂದರು. ಚೀನಾದ ಶ್ಯಾವ್‌ಷ್ವೊಗೆ ಈವರೆಗೆ ಚರಿತ್ರೆಯೇ ಇಲ್ಲ ಎಂಬ ಮಾತಿನಿಂದ ಅದರ ಮುನ್ನುಡಿ ತೊಡಗುತ್ತದೆ. ಮೊದಲ ಅಧ್ಯಾಯದಲ್ಲಿ ಬಾನ್ ಗುವಿನ ಆ ಪಟ್ಟಿ ಬರುತ್ತದೆ. ಬೀದಿಮಾತು ತರಗತಿಗೆ ಹತ್ತಿತು, ಆದರೆ ಬೀದಿಯ ಹೆಸರನ್ನು ಬಿಟ್ಟುಕೊಡದೆ.

ನಮ್ಮ ‘ಕಾದಂಬರಿ’ಯ ಹುಟ್ಟು ಇದಕ್ಕೆ ತೀರಾ ವಿರುದ್ಧ. ಹರ್ಷನ ಆಸ್ಥಾನದ ಬಾಣಭಟ್ಟನ ನಾಯಕಿಯ ಹೆಸರು ಅದು, ನಾಗವರ್ಮನ ಕೈಯಲ್ಲಿ ಕನ್ನಡಕ್ಕೂ ಬಂದದ್ದು. ಅರಮನೆಯಲ್ಲಿ ಹುಟ್ಟಿದ ಹೆಸರನ್ನು ಓಣಿಯ ಪದಕ್ಕೆ ಇಟ್ಟರೆ, ಲಿಯಾಂಗ್ ಮತ್ತು ಲು ಶುನ್ ಯಾತಕ್ಕೆ ಅಷ್ಟು ಹೋರಾಡಿದರು ಅನ್ನುವುದೇ ಓದುಗರಿಗೆ ತಿಳಿಯದು. ‘ಕಟ್ಟುಕತೆ’ಯಲ್ಲಿ ಆ ತಿರಸ್ಕಾರವೇನೋ ಇದೆ, ಆದರೆ ಅದು ಸುಳ್ಳಿನ ಕಡೆಗೆ ವಾಲುತ್ತದೆ. ಬಾನ್ ಗುವಿನ ದೂರು ಸುಳ್ಳು ಎಂದಲ್ಲ, ಕ್ಷುಲ್ಲಕ ಎಂದು. ‘ಕಲ್ಪಿತ ಸಾಹಿತ್ಯ’ ಪಠ್ಯಪುಸ್ತಕದ ವಾಸನೆ ಹೊಡೆಯುತ್ತದೆ, ನನಗೆ ಬೇಡ.

ಸದ್ಯಕ್ಕೆ ಹೀಗೆ ಮಾಡಿದ್ದೇನೆ. ಹಳೆಯ ಅರ್ಥ ಬರುವಲ್ಲಿ ‘ಅಂತೆಕಂತೆ’, 1902ರ ನಂತರ ಒಟ್ಟು ಪ್ರಕಾರವನ್ನು ಹೇಳುವಾಗ ‘ಕಥಾಸಾಹಿತ್ಯ’, ಬಿಡಿ ಕೃತಿಗಳಿಗೆ ಉದ್ದ ನೋಡಿ ಸಣ್ಣಕತೆ, ನೀಳ್ಗತೆ, ಕಾದಂಬರಿ. ಇದರಿಂದ ಒಂದೇ ಪದ ಎರಡು ಸಾವಿರ ವರ್ಷ ಬಾಳಿದ್ದು ಕನ್ನಡದಲ್ಲಿ ಐದು ಚೂರಾಗುತ್ತದೆ. ಬೀದಿಹರಟೆಗೂ ಬರೆದ ಕತೆಗೂ ಒಟ್ಟಿಗೆ ಒಗ್ಗುವ ಪದ ನಿಮ್ಮ ಕಡೆಯ ಮಾತಿನಲ್ಲೋ ಹಳಗನ್ನಡದಲ್ಲೋ ಇದ್ದರೆ ದಯವಿಟ್ಟು ತಿಳಿಸಿ, ಪ್ರಯೋಗದ ವಾಕ್ಯ ಸಮೇತ.

ಇದಕ್ಕೆ ಅಂಟಿಕೊಂಡದ್ದೇ ಇನ್ನೊಂದು. ಆ ಕ್ಯೂ ಕತೆಯ ಹೆಸರಿನಲ್ಲಿ ‘ಜೆಂಗ್‌ಜ್ವಾನ್’ ಎಂಬ ಪದವಿದೆ: ‘ಜೆಂಗ್’ ಅಂದರೆ ಸರಿಯಾದ, ‘ಜ್ವಾನ್’ ಅಂದರೆ ವೃತ್ತಾಂತ. ಇಂಗ್ಲಿಷಿನವರು ಅದನ್ನು ‘ನಿಜಕತೆ’ ಎಂಬರ್ಥದಲ್ಲಿ ತಿರುಗಿಸಿದ್ದಾರೆ. ಆದರೆ ಮೊದಲ ಅಧ್ಯಾಯದಲ್ಲಿ ನಿರೂಪಕ ಈ ಪದ ಎಲ್ಲಿಂದ ಬಂತೆಂದು ತಾನೇ ಹೇಳುತ್ತಾನೆ: ಮೂರು ಮತ, ಒಂಬತ್ತು ಪಂಗಡ ಯಾವುದಕ್ಕೂ ಸೇರದ ಶ್ಯಾವ್‌ಷ್ವೊದವರು ‘ಹರಟೆ ಸಾಕು, ಜೆಂಗ್‌ಜ್ವಾನ್‌ಗೆ ಬರೋಣ’ ಅನ್ನುತ್ತಾರಲ್ಲ, ಅಲ್ಲಿಂದ ಎತ್ತಿಕೊಂಡೆ ಅಂತ. (ಬಾನ್ ಗುವಿನ ಒಂಬತ್ತು ಮತ್ತೆ ಬಂತು, ನೋಡಿ.) ನಮ್ಮ ಕೀರ್ತನಕಾರರು ‘ಪ್ರಕೃತಕ್ಕೆ ಬರೋಣ’ ಅನ್ನುವ ಧಾಟಿ ಇದು. ಜೊತೆಗೆ ರಾಜವಂಶಗಳ ಅಧಿಕೃತ ಚರಿತ್ರೆಗೂ ಅದೇ ‘ಜೆಂಗ್’ ಅಂಟುವುದರಿಂದ ಕುಹಕವೂ ಇದೆ: ಮನೆತನದ ಹೆಸರೂ ಗೊತ್ತಿಲ್ಲದ ಕೂಲಿಯವನಿಗೆ ಅಂಥ ಚರಿತ್ರೆ! ‘ಆ ಕ್ಯೂನ ಅಸಲು ಕತೆ’ ಎನ್ನಬಹುದೇ? ಅಸಲು ಅಂದರೆ ನಿಜವೂ ಹೌದು, ಬಡ್ಡಿ ಬಿಟ್ಟು ಉಳಿದ ಮೂಲವೂ ಹೌದು. ಆದರೆ ಚರಿತ್ರೆಯ ಗತ್ತು ಅದಕ್ಕೆ ಬರುವುದಿಲ್ಲ. ಇನ್ನು ‘ಆ ಕ್ಯೂ’ ಎಂದು ಬಿಡಿಸಿ ಬರೆದರೆ ರೇಷನ್ ಅಂಗಡಿಯ ಮುಂದಿನ ಸಾಲು ಎಂದು ಓದಿಕೊಳ್ಳುವವರಿದ್ದಾರೆ. ‘ಆಕ್ಯೂ’ ಎಂದು ಕೂಡಿಸಿ ಬರೆಯಲೇ?