ಮುದ್ದೇನಹಳ್ಳಿಯವರೂ ಕೆಲಸ ಬಿಟ್ಟವರೇ!

"ನಮ್ಮ ಹುಡುಗ ಬೆಂಗಳೂರಿನ ಕೆಲಸ ಬಿಟ್ಟು ಬಂದುಬಿಟ್ಟ," ಎಂದು ಮೇಷ್ಟ್ರು ಕಾಫಿ ಲೋಟವನ್ನು ಮೇಜಿನ ಮೇಲೆ ಕುಕ್ಕಿದರು.

"ಬಿಟ್ಟನೋ, ಬಿಡಿಸಿದರೋ?" ವಕೀಲರದು ಪಾಟೀಸವಾಲು.

"ಬಿಟ್ಟನಂತೆ. ನೆಮ್ಮದಿ ಇಲ್ಲವಂತೆ. ಇಷ್ಟು ವರ್ಷ ಪಾಠ ಮಾಡಿದೆನಲ್ಲ, ನನ್ನ ನೆಮ್ಮದಿಯನ್ನು ಯಾರಾದರೂ ವಿಚಾರಿಸಿದರೇ?"

"ನಿಮ್ಮ ಶಿಷ್ಯರ ನೆಮ್ಮದಿಯನ್ನು ವಿಚಾರಿಸಬೇಕಿತ್ತು," ಎಂದರು ಗೌಡರು. ಚಿಕ್ಕಬಳ್ಳಾಪುರದ ದ್ರಾಕ್ಷಿ ಬೆಳೆಗಾರರಿಗೆ ನಾಲಿಗೆ ಮಾತ್ರ ಹುಳಿ.

ಮೇಷ್ಟ್ರು ಮುಂದುವರಿಸಿದರು: "ಕಂಪನಿ ಬಸ್ಸಿಗೆ ಎಬ್ಬಿಸಹೋದರೆ ಕುಂಭಕರ್ಣ. ಭಾನುವಾರ ಮಾತ್ರ ನಂದಿಬೆಟ್ಟದ ಸೂರ್ಯೋದಯಕ್ಕೆಂದು ಮೂರು ಗಂಟೆಗೇ ಎದ್ದು ಬೈಕ್ ಹತ್ತುತ್ತಾನೆ! ಮೇಲೆ ಹೋದರೆ ಬರೀ ಮಂಜು. ಸೂರ್ಯ ಕಾಣಲೇ ಇಲ್ಲವಂತೆ. ಆದರೂ ಚೆನ್ನಾಗಿತ್ತಂತೆ!"

"ಸೂರ್ಯನಿಗೂ ಭಾನುವಾರ ರಜೆ ಬೇಡವೇ?"

ವಕೀಲರು ಇನ್ಫೋಸಿಸ್ ಸಂಸ್ಥಾಪಕ ನಾರಾಯಣಮೂರ್ತಿಯವರನ್ನು ಎಳೆದು ತಂದರು. ಯುವಕರು ವಾರಕ್ಕೆ 70 ಗಂಟೆ ದುಡಿಯಬೇಕೆಂದು 2023ರಲ್ಲಿ ಅವರು ಹೇಳಿದ್ದರಲ್ಲ. ಗೌಡರು ಬೆರಳು ಮಡಚಿದರು: "ಆರು ದಿನಕ್ಕೆ ಹಂಚಿದರೆ ದಿನಕ್ಕೆ ಹತ್ತಿರ ಹತ್ತಿರ 12 ಗಂಟೆ. ಹೆಬ್ಬಾಳದ ವಾಹನ ದಟ್ಟಣೆಯನ್ನೂ ಸೇರಿಸಿ ಹೋಗಿಬರಲು ನಾಲ್ಕು. ಉಳಿದದ್ದರಲ್ಲಿ ಹುಡುಗ ನಿದ್ದೆ ಮಾಡಬೇಕೋ, ಮದುವೆಯಾಗಬೇಕೋ?"

ನಾನು ಬಾಯಿ ತೆರೆಯಲಿಲ್ಲ. ನಮ್ಮ ಕಚೇರಿಯಲ್ಲಿ ಕಡತ ತೆರೆದಿಟ್ಟು ಕಾಫಿಗೆ ಹೋದವರು ಊಟದ ಹೊತ್ತಿಗೆ ಮರಳಿದರೆ ಅವರೇ ಶ್ರಮಜೀವಿಗಳು. ನಾವು ಕದ್ದು ತಿಂದ ವಿರಾಮವನ್ನು ಈ ಹುಡುಗರು ಹೇಳಿ ಕೇಳುತ್ತಾರೆ. ಹೊಟ್ಟೆಯುರಿ ಇರುವುದೇ ಅಲ್ಲಿ.

"ಪಕ್ಕದಲ್ಲೇ ಮುದ್ದೇನಹಳ್ಳಿ ಇದೆ," ಮೇಷ್ಟ್ರ ದನಿ ಏರಿತು. "ಅಲ್ಲಿ ಹುಟ್ಟಿದ ವಿಶ್ವೇಶ್ವರಯ್ಯನವರು ಹೀಗೆ ಕೆಲಸ ಬಿಟ್ಟರೇ?"

ಅಪ್ಪನನ್ನು ಕರೆದೊಯ್ಯಲು ಬಂದಿದ್ದ ಮಗ ಹಿಂದೆಯೇ ನಿಂತಿದ್ದ. "ಬಿಟ್ಟರಲ್ಲಪ್ಪಾ. 1908ರಲ್ಲಿ ಮುಂಬಯಿ ಸರ್ಕಾರದ ಕೆಲಸಕ್ಕೆ ಸ್ವಯಂ ನಿವೃತ್ತಿ, ಬೆನ್ನಿಗೇ ವಿದೇಶ ಪ್ರವಾಸ. 1918ರಲ್ಲಿ ಮೈಸೂರಿನ ದಿವಾನಗಿರಿಗೇ ರಾಜೀನಾಮೆ. ನೂರು ವರ್ಷ ದಾಟಿ ಬದುಕಿದರು."

"ದಾಖಲೆ ಸಮೇತ ಬಂದಿದ್ದಾನೆ," ಎಂದು ವಕೀಲರು ಕೈಚೆಲ್ಲಿದರು.

ಮೇಷ್ಟ್ರು ಬಗ್ಗಲಿಲ್ಲ. "ಬಿಡುವ ಮುನ್ನ ಅವರು ಖಡಕ್‌ವಾಸ್ಲಾ ಅಣೆಕಟ್ಟೆಗೆ ತಾನಾಗಿ ತೆರೆಯುವ ಗೇಟು ಹಾಕಿದ್ದರು. ನೀನೇನು ಹಾಕಿದ್ದೀಯ?"

"ದಿನವೂ ಹಾಜರಿ ಹಾಕಿದ್ದೇನೆ."

ಗೌಡರು ಹುಡುಗನ ಹೆಗಲ ಮೇಲೆ ಕೈಯಿಟ್ಟರು. "ನಮ್ಮ ತೋಟಕ್ಕೆ ಬಾರಪ್ಪ. ರಜೆ ಇಲ್ಲ, ಸಂಬಳ ಇಲ್ಲ. ಆಲಿಕಲ್ಲು ಬಿದ್ದರೆ ಬೆಳೆಯೂ ಇಲ್ಲ. ಆದರೆ ಸೂರ್ಯೋದಯ ದಿನವೂ ಪುಕ್ಕಟೆ."

ಮೇಷ್ಟ್ರು ತಟ್ಟನೆ ಎದ್ದು ಮಗನ ತೋಳು ಹಿಡಿದರು. "ಬೇಡಿ ಗೌಡರೇ, ಸ್ವಲ್ಪ ದಿನ ಮನೆಯಲ್ಲೇ ಮಲಗಿರಲಿ."