ಥಾರ್ ಮರುಭೂಮಿ ಬಗ್ಗೆ ಒಳ್ಳೆ ಪುಸ್ತಕ ಹೇಳಿ, ಒಂಟೆ ಫೋಟೋ ಸಾಕಾಗಿದೆ

ಬೇಳೆಮಿಲ್ಲಿನವ, ಕಲಬುರಗಿ

ಎಲ್ಲರಿಗೂ ನಮಸ್ಕಾರ. ನಾನು ಇಲ್ಲಿ ಒಂದು ದಾಲ್ ಮಿಲ್ಲಿನಲ್ಲಿ ಲೆಕ್ಕ ಬರೆಯುತ್ತೇನೆ. ನನ್ನ ಪಕ್ಕದ ಮೇಜಿನ ಮುನೀಮರು ರಾಜಸ್ಥಾನದ ಬಾಡಮೇರ್ ಕಡೆಯವರು. ಹೋದ ದೀಪಾವಳಿಗೆ ಊರಿಗೆ ಹೋಗಿ ಬಂದಾಗ ಒಂದು ಪುಡಿಕೆ ಒಣಕಾಯಿ ಕೊಟ್ಟರು. ಗೋರಿಕಾಯಿಯನ್ನು ಸಣ್ಣಗೆ ಸೀಳಿ ಒಣಗಿಸಿದ ಹಾಗಿತ್ತು. ಸಾಂಗ್ರಿ ಅಂತೆ. ರಾತ್ರಿ ನೆನೆಸಿಟ್ಟು, ಬೆಳಿಗ್ಗೆ ಎಣ್ಣೆ ಖಾರ ಜಾಸ್ತಿ ಹಾಕಿ ಪಲ್ಯ ಮಾಡಿ, ಸಜ್ಜೆ ರೊಟ್ಟಿ ಜೊತೆ ತಿಂದೆವು. ನನಗೆ ರುಚಿ ಹತ್ತಿತು. ಅವ್ವ ಮಾತ್ರ "ಕಟ್ಟಿಗಿ ತಿಂದಂಗಾಯ್ತು" ಅಂದಳು.

ಯಾವ ಮರದ್ದು ಅಂತ ಮರುದಿನ ಕೇಳಿದರೆ ಮೊಬೈಲ್‌ನಲ್ಲಿ ಫೋಟೋ ತೋರಿಸಿದರು. ನೋಡಿದರೆ ನಮ್ಮ ಬನ್ನಿ ಮರ! ದಸರಾಕ್ಕೆ ಎಲೆ ಕೊಟ್ಟು "ಬಂಗಾರದಂಗ ಇರೋಣ" ಅಂತೀವಲ್ಲ, ಅದೇ. ಅವರು ಖೇಜ್ಡಿ ಅಂತಾರೆ. 1730ರಲ್ಲಿ ಜೋಧಪುರದ ಹತ್ತಿರ ಖೇಜಡ್ಲಿ ಅನ್ನೋ ಊರಲ್ಲಿ ಈ ಮರ ಕಡಿಯಲು ರಾಜನ ಆಳುಗಳು ಬಂದಾಗ, ಮರ ತಬ್ಬಿ ನಿಂತು ಬಿಷ್ಣೋಯಿ ಅನ್ನೋ ಪಂಥದ 363 ಜನ ಸತ್ತರಂತೆ. ಇಷ್ಟು ವರ್ಷ ಎಲೆ ಹಂಚಿದ್ದೇನೆ, ಈ ಕಥೆ ಕಿವಿಗೇ ಬಿದ್ದಿರಲಿಲ್ಲ.

ಜನವರಿಯಲ್ಲಿ ಜೈಸಲ್ಮೇರ್‌ಗೆ ಹೋಗುವ ಯೋಚನೆ ಇದೆ. ಅದಕ್ಕೆ ಮೊದಲು ಓದೋಣ ಅಂತ ಆನ್‌ಲೈನ್‌ನಲ್ಲಿ 900 ರೂಪಾಯಿ ಕೊಟ್ಟು ಒಂದು ದಪ್ಪ ಪುಸ್ತಕ ತರಿಸಿದೆ. ಹಾಳೆ ತಿರುವಿದರೆ ಕೋಟೆ, ಒಂಟೆ, ಮುಳುಗೋ ಸೂರ್ಯ, ಮತ್ತೆ ಒಂಟೆ. ಅಲ್ಲಿಯ ಜನ ಕುಡಿಯೋದು ಯಾವ ನೀರು ಅಂತ ಒಂದು ಸಾಲಿಲ್ಲ. ಹಿಂದಿ ಸಲೀಸಾಗಿ ಓದುತ್ತೇನೆ. ಇಂಗ್ಲಿಷ್ ಆದರೆ ಸ್ವಲ್ಪ ನಿಧಾನ. ಯಾವುದು ಓದಲಿ?

ನೌಬಾದದ ನೀರು, ಬೀದರ್

ನೀವು ನೀರಿನ ಪ್ರಶ್ನೆ ಕೇಳಿದಿರಿ ನೋಡಿ, ಖುಷಿಯಾಯ್ತು. ಅನುಪಮ್ ಮಿಶ್ರ ಬರೆದ 'ರಾಜಸ್ಥಾನ್ ಕೀ ರಜತ್ ಬೂಂದೇಂ' ಓದಿ. ಹಿಂದಿ, 1995ರದ್ದು. ಮಿಶ್ರ ತಮ್ಮ ಪುಸ್ತಕಗಳಿಗೆ ಕಾಪಿರೈಟ್ ಇಟ್ಟುಕೊಂಡವರಲ್ಲ, ಹಾಗಾಗಿ ಸುಲಭವಾಗಿ ಸಿಗುತ್ತದೆ.

ಅದರಲ್ಲಿ ಕುಂಈ ಅನ್ನೋ ಸಣ್ಣ ಬಾವಿಯ ವಿಷಯ ಬರುತ್ತದೆ. ಥಾರ್‌ನ ಕೆಲವು ಕಡೆ ಮರಳಿನ ಕೆಳಗೆ ಜಿಪ್ಸಮ್ ಪದರ ಇದೆ. ಅದರ ಕೆಳಗಿನ ನೀರು ಉಪ್ಪು. ಮಳೆ ನೀರು ಮರಳಲ್ಲಿ ಇಂಗಿ ಪದರದ ಮೇಲೆ ತೇವವಾಗಿ ಉಳಿಯುತ್ತದೆ, ಕೆಳಗಿನ ಉಪ್ಪು ನೀರಿಗೆ ಸೇರೋದಿಲ್ಲ. ಆ ತೇವ ಹನಿಹನಿಯಾಗಿ ಸೋರಲಿ ಅಂತ ತೋಡೋದೇ ಕುಂಈ. ಒಬ್ಬ ಮನುಷ್ಯ ಕುಕ್ಕರಗಾಲಲ್ಲಿ ಕೂತು ಅಗೆಯುವಷ್ಟೇ ಅಗಲ. ಹಿಡಿ ಗಿಡ್ಡ ಇರೋ ಹತಾರ. ಮೇಲಿಂದ ಏನಾದ್ರೂ ಬಿದ್ದೀತು ಅಂತ ತಲೆಗೆ ಲೋಹದ ಟೋಪಿ. ಆಳಕ್ಕೆ ಹೋದ ಹಾಗೆ ಉಸಿರು ಕಟ್ಟುತ್ತದೆ. ಆಗ ಮೇಲೆ ನಿಂತವರು ಹಿಡಿ ಹಿಡಿ ಮರಳನ್ನು ಜೋರಾಗಿ ಕೆಳಗೆ ಎಸೀತಾರೆ. ಮರಳಿನ ಜೊತೆ ತಂಪು ಗಾಳಿ ಇಳಿಯುತ್ತದೆ, ಬಿಸಿಗಾಳಿ ಮೇಲೆ ಬರುತ್ತದೆ. ಇಷ್ಟೆಲ್ಲಾ ಮಾಡಿ ದಿನಕ್ಕೆ ಸಿಗೋದು ಎರಡು ಮೂರು ಕೊಡ. ಕುಂಈ ಅವರವರದ್ದು, ನೆಲ ಮಾತ್ರ ಊರಿನದು. ಹೊಸದು ತೋಡಬೇಕಾದರೆ ಊರು ಒಪ್ಪಬೇಕು. ಯಾಕಂದ್ರೆ ಇರೋ ತೇವದಲ್ಲೇ ಪಾಲಾಗುತ್ತದಲ್ಲ.

ಮರಳು ಬಿರಿಯೋದಿಲ್ಲ ಅನ್ನೋ ಒಂದು ಪ್ಯಾರಾ ಓದಿ ನಾನು ಪುಸ್ತಕ ಮಡಚಿ ಸುಮ್ನೆ ಕೂತುಬಿಟ್ಟೆ. ನಮ್ಮಪ್ಪನ ಎರೆ ಹೊಲ ಏಪ್ರಿಲ್‌ನಲ್ಲಿ ಕಾಲು ಸಿಕ್ಕಿಕೊಳ್ಳುವಷ್ಟು ಬಿರಿಯುತ್ತದೆ. ಒಳಗಿನ ತೇವ ಆ ಬಿರುಕಲ್ಲೇ ಆರಿಹೋಗುತ್ತದೆ. ಮರಳಿನ ಕಣ ಒಂದಕ್ಕೊಂದು ಅಂಟೋದಿಲ್ಲ. ಅಂಟದಿದ್ದ ಮೇಲೆ ಬಿರಿಯೋದೆಲ್ಲಿ? ತೇವ ಒಳಗೇ ಇರುತ್ತದೆ. ಜೈಸಲ್ಮೇರ್‌ನಲ್ಲಿ ವರ್ಷಕ್ಕೆ 200 ಮಿ.ಮೀ. ಮಳೆಯೂ ಇಲ್ಲ. ನಿಮ್ಮ ಕಲಬುರಗಿಯಲ್ಲಿ 700ಕ್ಕೂ ಜಾಸ್ತಿ. ಆದ್ರೂ ಮೇ ತಿಂಗಳಲ್ಲಿ ಟ್ಯಾಂಕರ್ ಬಂತಾ ಅಂತ ಬಾಗಿಲಲ್ಲಿ ನಿಲ್ಲೋದು ತಪ್ಪಿದೆಯಾ?

ಜೈಸಲ್ಮೇರ್‌ಗೆ ಹೋಗೋ ಮೊದಲು ಒಂದು ಭಾನುವಾರ ನಮ್ಮೂರಿಗೆ ಬನ್ನಿ. ನೌಬಾದದಲ್ಲಿ ಬಹಮನಿ ಕಾಲದ ಕರೇಜ್ ಇದೆ. ನಾವು ಸುರಂಗ ಬಾವಿ ಅಂತೀವಿ. ಇರಾನಿನ ಒಣ ಸೀಮೆಯ ವಿದ್ಯೆ ಇದು. ನೆಲದೊಳಗೆ ಸ್ವಲ್ಪವೇ ಇಳಿಜಾರು ಕೊಟ್ಟು ಸುರಂಗ ಕೊರೆದರೆ ನೀರು ತಾನಾಗೇ ಹರಿದು ಬರುತ್ತದೆ, ಎತ್ತುವ ಕೆಲಸವಿಲ್ಲ. ಗಾಳಿಗೆ, ಹೂಳು ತೆಗೆಯೋಕೆ ಅಲ್ಲಲ್ಲಿ ಬಾವಿ ಬಾಯಿ. ನಮ್ಮಲ್ಲಿ ಕೊರೆದಿದ್ದು ಕೆಂಪು ಜಂಬಿಟ್ಟಿಗೆ ಕಲ್ಲಲ್ಲಿ.

ಲೈಬ್ರರಿ ಅಕ್ಕ, ಯಾದಗಿರಿ

ನೀರಾಯ್ತು, ಇನ್ನು ಜನ. ಕೋಮಲ್ ಕೋಠಾರಿ ಅಂತ ಜೋಧಪುರದವರು, 2004ರಲ್ಲಿ ತೀರಿಕೊಂಡರು. ಲಂಗಾ, ಮಾಂಗಣಿಯಾರ್ ಅನ್ನೋ ಸಮುದಾಯಗಳ ಹಾಡುಗಾರರನ್ನು ಊರೂರು ಸುತ್ತಿ ಹುಡುಕಿ ಹೊರಗಿನ ವೇದಿಕೆಗೆ ತಂದವರು. ಅವರ ಜೊತೆ ಕೂತು ಮಾತಾಡಿದ್ದನ್ನು ರುಸ್ತುಂ ಭರೂಚಾ 2003ರಲ್ಲಿ ಇಂಗ್ಲಿಷ್ ಪುಸ್ತಕ ಮಾಡಿದ್ದಾರೆ, 'ರಾಜಸ್ಥಾನ್: ಆ್ಯನ್ ಓರಲ್ ಹಿಸ್ಟರಿ'. ನಿಧಾನ ಆದರೂ ಓದಿ. ಕೋಠಾರಿ ಆ ಸೀಮೆಯನ್ನು ರಾಜರ ಲೆಕ್ಕದಲ್ಲಿ ನೋಡೋದಿಲ್ಲ, ಕಾಳಿನ ಲೆಕ್ಕದಲ್ಲಿ ನೋಡ್ತಾರೆ. ಸಜ್ಜೆ ಸೀಮೆ, ಜೋಳದ ಸೀಮೆ, ಮೆಕ್ಕೆಜೋಳದ ಸೀಮೆ. ಜೋಳ ತಿನ್ನೋ ನಮಗೆ ಇದು ಬಿಡಿಸಿ ಹೇಳಬೇಕಾ?

ಅವರ ಗೆಳೆಯ ವಿಜಯದಾನ್ ದೇಥಾ. ಬೋರುಂದಾ ಅನ್ನೋ ಹಳ್ಳಿಯಲ್ಲೇ ಕೂತು ರಾಜಸ್ಥಾನಿಯಲ್ಲಿ ಬರೆದರು. ಜನ ಹೇಳೋ ಕಥೆಗಳನ್ನು ಕೇಳಿ ಕೇಳಿ 'ಬಾತಾಂ ರೀ ಫುಲವಾಡಿ' ಅಂತ 14 ಸಂಪುಟ ಮಾಡಿದರು. ಹಿಂದಿಯಲ್ಲಿ ಅವರ ಕಥೆಗಳು ಸಿಗುತ್ತವೆ. 'ದುವಿಧಾ' ಮೊದಲು ಓದಿ. ವ್ಯಾಪಾರಕ್ಕೆ ಅಂತ ಗಂಡ ದೂರ ಹೋಗ್ತಾನೆ, ಅವನ ರೂಪದಲ್ಲಿ ಒಂದು ದೆವ್ವ ಮನೆಗೆ ಬರುತ್ತದೆ. 'ನಾಗಮಂಡಲ' ನೋಡಿದವರು ಓದ್ತಾ ಓದ್ತಾ ನಗ್ತೀರಿ. ದೆವ್ವದ ಜಾಗದಲ್ಲಿ ಇಲ್ಲಿ ಹಾವಿತ್ತು ಅಷ್ಟೇ.

ಹಳೇ ಬಜಾರ್, ಕಲಬುರಗಿ

ರಾಜಸ್ಥಾನದ ಇತಿಹಾಸ ಇಂಗ್ಲಿಷ್‌ನಲ್ಲಿ ಬರೆದ ಕರ್ನಲ್ ಟಾಡ್‌ನ ಎಲ್ಲರೂ ಮರೆತ್ರಾ? ಇತಿಹಾಸ ಅಂದ್ರೆ ಅದೇ ಮೂಲ. 1829 ಮತ್ತು 1832, ಎರಡು ಸಂಪುಟ.

ಲೈಬ್ರರಿ ಅಕ್ಕ, ಯಾದಗಿರಿ

ಮರೆತಿಲ್ಲ ಸರ್, ಬೇಕಂತಲೇ ಬಿಟ್ಟೆ. ಟಾಡ್ 1818ರಲ್ಲಿ ಕಂಪನಿ ಸರ್ಕಾರದ ಏಜೆಂಟ್ ಆಗಿ ಹೋದವನು. ರಜಪೂತರ ಮೇಲೆ ಅವನಿಗೆ ಮೋಹ ಜಾಸ್ತಿ. ರಾಜರನ್ನು ಹಾಡಿ ಹೊಗಳೋ ಭಾಟರು, ಚಾರಣರು ಹೇಳಿದ್ದನ್ನೂ ಇತಿಹಾಸಕ್ಕೆ ಸೇರಿಸಿಬಿಟ್ಟ. ಓದೋಕೆ ಮಜಾ ಇದೆ, ಇಲ್ಲ ಅನ್ನೋದಿಲ್ಲ. ಆದರೆ ಇವರು ಕೇಳಿದ್ದು ನೀರು. ಟಾಡ್‌ನಲ್ಲಿ ಜಾಸ್ತಿ ಹರಿಯೋದು ರಕ್ತ.

ಬೇಳೆಮಿಲ್ಲಿನವ, ಕಲಬುರಗಿ

ಹತ್ತು ದಿನ ಆಯ್ತು, ತಡವಾಗಿ ಬರೀತಿದ್ದೇನೆ. ಹೊಸ ತೊಗರಿ ಬರೋ ಸಮಯ, ಉಸಿರಾಡೋಕೆ ಬಿಡುವಿಲ್ಲ. ಮಿಶ್ರರ ಪುಸ್ತಕ ಅರ್ಧ ಆಗಿದೆ. ಊಟದ ಹೊತ್ತಲ್ಲಿ ಕುಂಈ ಪಾಠ ಮುನೀಮರಿಗೆ ಜೋರಾಗಿ ಓದಿ ಹೇಳಿದೆ. ಮೊದಲು ನನ್ನ ಉಚ್ಚಾರ ತಿದ್ದಿದರು. ಆಮೇಲೆ ಡಬ್ಬಿ ಪಕ್ಕಕ್ಕಿಟ್ಟು, ಎರಡೂ ಕೈ ಚಾಚಿ ಬಾವಿ ಬಾಯಿ ಎಷ್ಟಿತ್ತು ಅಂತ ತೋರಿಸಿದರು. ಅವರ ಅಜ್ಜಿ ಊರಲ್ಲಿ ಒಂದಿತ್ತಂತೆ. ನಲ್ಲಿ ಬಂದ ಮೇಲೆ ಅದಕ್ಕೆ ಯಾರೂ ಹೋಗಲಿಲ್ಲ, ಈಗ ಮರಳು ಮುಚ್ಚಿರಬೇಕು ಅಂದರು. ಆಮೇಲೆ ಊಟ ಮುಗಿಯೋವರೆಗೂ ಮಾತಾಡಲಿಲ್ಲ.

ನಾವಿಬ್ಬರೂ ಬರೋ ಭಾನುವಾರ ಬೀದರ್‌ಗೆ ಬರ್ತೀವಿ. ಸುರಂಗದೊಳಗೆ ಇಳಿಯೋಕೆ ಬಿಡ್ತಾರಾ?

ನೌಬಾದದ ನೀರು, ಬೀದರ್

ಇಳಿಯೋ ಆಸೆ ಬಿಡಿ. ಮೇಲಿಂದ ಬಾವಿ ಬಾಯಲ್ಲಿ ಬಗ್ಗಿ ನೋಡಿದರೆ ಸಾಕು, ನಾನೂ ಜೊತೆಗಿರ್ತೇನೆ. ಬೆಳಿಗ್ಗೆ ಬೇಗ ಹೊರಡಿ, ಬಿಸಿಲು ಏರೋದ್ರೊಳಗೆ ಮುಗಿಸೋಣ. ಸಾಂಗ್ರಿ ಉಳಿದಿದ್ದರೆ ಒಂದು ಹಿಡಿ ತನ್ನಿ. ನಮ್ಮವ್ವ ಏನಂತಾಳೋ ನೋಡೋಣ.