ಬೇಸೂದು, ಸುಡೂದು, ಕುದಸೂದು: ಓವನ್‌ದಾಗ ಮಾಡೂದಕ್ಕ ಯಾವ ಪದ?

ಎಲ್ಲಾರಿಗೂ ನಮಸ್ಕಾರ್ರಿ. ಬಾಗಲಕೋಟಿ ನವನಗರದಿಂದ ಬರಿಯಾಕತ್ತೀನಿ. ಪ್ರಶ್ನೆ ಅಡಗಿಮನಿದು ಅನ್ನಿಸಿದ್ರೂ ಪದದ್ದ ಐತಿ, ಸ್ವಲ್ಪ ಉದ್ದ ಆದ್ರ ಬ್ಯಾಸರ ಮಾಡ್ಕೋಬ್ಯಾಡ್ರಿ.

ಆಗಿದ್ದೇನಂದ್ರ, ನಮ್ಮ ಅಣ್ಣ-ವೈನಿ ನ್ಯೂಜೆರ್ಸಿಯಾಗ ಇರ್ತಾರ, ಅಲ್ಲಿ ಚೈನೀಸ್ ಅಂಗಡಿಯಿಂದ ಜನರಲ್ ತ್ಸೋ ಚಿಕನ್ ಅಂತ ಒಂದು ಪಾರ್ಸಲ್ ತರಸ್ತಿದ್ರು. ಕರಿದ ಚಿಕನ್ ತುಂಡಿಗೆ ಸಿಹಿ-ಹುಳಿ-ಖಾರದ ಸಾಸ್ ಹಿಡಿಸಿದ್ದು. ಹೆಸರಷ್ಟ ಜನರಲ್‌ಂದು, 1885ರಾಗ ತೀರಿಕೊಂಡ ಹುನಾನ್ ಕಡೆಯ ಆ ಸೇನಾಧಿಪತಿ ಝುವೋ ಝೊಂಗ್‌ಟಾಂಗ್ ಇದರ ಒಂದು ತುಂಡೂ ತಿಂದಿಲ್ಲ. ಅದೇ ಹುನಾನ್‌ದಾಗ ಹುಟ್ಟಿ ತೈವಾನಿಗೆ ಹೋದ ಪೆಂಗ್ ಚಾಂಗ್-ಕ್ವೇ ಅನ್ನೋ ಅಡಗಿಯವರು 1950ರ ದಶಕದಾಗ ಮಾಡಿದ್ದಂತ, ಮುಂದ ನ್ಯೂಯಾರ್ಕಿಗೆ ಹೋದ ಮ್ಯಾಲ ಅದಕ್ಕ ಸಕ್ರಿ ಏರಿತು. ನಮ್ಮ ಗೋಬಿ ಮಂಚೂರಿಗೂ ಆ ಮಂಚೂರಿಯಾಕ್ಕೂ ಎಷ್ಟು ಸಂಬಂಧ ಐತೋ ಇದಕ್ಕೂ ಜನರಲ್‌ಗೂ ಅಷ್ಟ.

ಅಣ್ಣಗ ಕೊಲೆಸ್ಟ್ರಾಲ್ ಏರಿದ ಮ್ಯಾಲ ವೈನಿ ಕರಿಯೂದು ಬಿಟ್ಟು ಅದನ್ನ ಓವನ್‌ದಾಗ ಮಾಡಾಕ ಶುರು ಮಾಡಿದ್ರು, ನಾನು ಫೋನ್ನ್ಯಾಗ ಕೇಳಿ ಕಲ್ತೆ, ನಮ್ಮ ಸಣ್ಣ ಓಟಿಜಿಯಾಗೂ (ಮೇಜಿನ ಮ್ಯಾಲ ಇಡೂ ಕರೆಂಟಿನ ಓವನ್) ಚೊಲೋ ಆತು. ಅದರ ರೀತಿ ಕನ್ನಡದಾಗ ಟೈಪ್ ಮಾಡಿ ಮೈಸೂರಿನ ಗೆಳತಿಗೆ ಕಳಿಸಿದೆ: ಅರ್ಧ ಕಿಲೋ ಬೋನ್‌ಲೆಸ್, ಒಂದು ತತ್ತಿ ಬಿಳಿ, ಮೂರು ಚಮಚ ಕಾರ್ನ್‌ಫ್ಲೋರ್, ಎರಡು ಚಮಚ ಎಣ್ಣಿ, ಕಲಸಿ 20 ನಿಮಿಷ "ಬೇಸ್ರಿ" ಅಂತ. ಆಕಿ ಅಷ್ಟನ್ನೂ ನೀರು ಹಾಕಿ ಕುಕ್ಕರ್‌ನ್ಯಾಗ ಮೂರು ಸೀಟಿ ಹೊಡಿಸಿದ್ಲು! "ಏನ್ರೀ ಇದು, ಕೋಳಿ ಗಂಜಿ ಆಗಿದೆ" ಅಂತ ಫೋಟೋ ಕಳಿಸಿದ್ಲು. ತಪ್ಪು ನಂದೂ ಐತಿ, ಓವನ್ ಅನ್ನೋ ಶಬ್ದ ಬರಿಯೂದ ಮರತಿದ್ದೆ, ಆದ್ರ ನನಗ ಅದು ಬ್ಯಾರೆ ಹೇಳೂದು ಬೇಕಂತ ಹೊಳೀಲೇ ಇಲ್ಲ.

ಯಾಕಂದ್ರ ನಮ್ಮ ಮನ್ಯಾಗ ನೀರಿನ್ಯಾಗ ಆಗೂದೆಲ್ಲಾ ಕುದಿಯೂದು. ಬ್ಯಾಳಿ ಕುದಸ್ತೀವಿ, ಬಟಾಟಿ ಕುದಸ್ತೀವಿ, ಅನ್ನಾನೂ ಕುದೀತೇನವಾ ಅಂತ ಕೇಳ್ತಾರ. ಬೇಸೂದು ಅಂದ್ರ ಹಂಚಿನ ಮ್ಯಾಲಿಂದು, ರೊಟ್ಟಿ ಬಡಿದು ಬೇಸ್ತೀವಿ, ಅದರಾಗ ನೀರಿನ ಮಾತ ಇಲ್ಲ (ರೊಟ್ಟಿ ಮ್ಯಾಲ ಸವರೂ ನೀರು ಲೆಕ್ಕಕ್ಕಿಲ್ಲ). ಮೈಸೂರು ಕಡೆ ಬೇಳೆ, ಅನ್ನ, ಆಲೂಗಡ್ಡೆ ಎಲ್ಲಾ ಬೇಯಿಸೋದ ಅಂತ, ಹಂಗಾಗಿ ಆಕಿಗೆ ಬೇಸು ಅಂದಕೂಡ್ಲೆ ಕುಕ್ಕರ್ ಕಂಡೈತಿ. ಇಬ್ಬರೂ ಕನ್ನಡದಾಗ ಸರಿನ ಇದ್ದೀವಿ, ಕೆಟ್ಟಿದ್ದು ಚಿಕನ್.

ಪದದ ಬೇರು ನೋಡಿದ್ರ ನಮ್ಮ ಕಡೆ ಬಳಕೆಗೆ ಸ್ವಲ್ಪ ಬಲ ಸಿಗತೈತಿ. ಬೇ ಅನ್ನೋ ಧಾತುವಿಗೆ ಮೊದಲ ಅರ್ಥ ಸುಡು, ಕಾವು ಹತ್ತು ಅಂತ, ಬೇಗೆ, ಬೇಸಿಗಿ ಎಲ್ಲಾ ಅದರ ಮಕ್ಕಳು, ತಮಿಳಿನ್ಯಾಗ ಅದು ವೇ. ನೀರು ಆಮ್ಯಾಲ ಬಂದು ಸೇರಿಕೊಂಡದ್ದಿರಬೇಕು. ಇಲ್ಲೊಬ್ಬರು ಹಿರಿಯರು ಇಂಗ್ಲಿಷಿನ ಬೇಕ್ ನಮ್ಮ ಬೇಯಿಂದಾನ ಹೋಗಿದ್ದು ಅಂತ ಗಟ್ಟ್ಯಾಗಿ ವಾದ ಮಾಡಿದ್ರು, ನಾನು ಒಪ್ಪೂದಿಲ್ಲ. ತಮಿಳಿನ ವ ನಮ್ಮಲ್ಲಿ ಬ ಆಗತೈತಿ, ವಾ-ಬಾ, ವಿಲ್-ಬಿಲ್ಲು, ಹಂಗ ವೇ-ಬೇ. ಇಂಗ್ಲಿಷಿನದು ಬ್ಯಾರೆ ಮನೆತನದ ಶಬ್ದ, ದನಿ ಕೂಡಿದ್ದು ಬರೇ ಯೋಗಾಯೋಗ.

ಹಂಗಾದ್ರ ಸುಡು? ಅದನ್ನೂ ಅವ್ವನ ಮುಂದ ಇಟ್ಟು ನೋಡಿದೆ. ಸುಟ್ಟ ಕೋಳಿ ಅಂದ್ರ ಆಕಿ ಕಣ್ಮುಂದ ಕೆಂಡ ಬಂತು, ಸುಟ್ಟ ಬದನಿಕಾಯಿ ಇದ್ದಂಗ ಮ್ಯಾಲ ಕರ್ರಗ, ಹೊಗಿ ವಾಸನಿ. ಇಟ್ಟಂಗಿನೂ ಸುಡತಾರ, ಸುಣ್ಣಾನೂ ಸುಡತಾರ, ಆದ್ರ ಚಿಕನ್ ಸುಡ್ರಿ ಅಂತ ಬರದ್ರ ಓದಿದವರು ಹೊತ್ತಿಸಿಬಿಡ್ತಾರ. ಹುರಿ ಬರೂದಿಲ್ಲ, ಅದಕ್ಕ ಕೈ ಆಡಸಬೇಕು. ಬೇಕ್ ಮಾಡ್ರಿ ಅಂತ ಫೋನ್ನ್ಯಾಗ ಹೇಳಿದ್ರ ನಮ್ಮತ್ತಿ "ಬೇಕಾದಂಗ ಮಾಡು ಅಂತೀಯೇನವಾ" ಅಂದ್ರು. ಕಡೀಕ ನಮ್ಮ ಓಣಿ ಬೇಕರಿಯವರನ್ನ ಕೇಳಿದೆ, ಅವರ ಭಾಷಾದಾಗ ಕ್ರಿಯಾಪದಾನ ಇಲ್ಲ! "ಭಟ್ಟಿಗೆ ಹಾಕ್ತೀವ್ರಿ, ಭಟ್ಟಿಯಿಂದ ತಗೀತೀವ್ರಿ" ಅಷ್ಟ. ನನಗೇನೋ ಇದು ಚೊಲೋ ಅನ್ನಿಸ್ತು, ಭಟ್ಟಿಗೆ ಹಾಕು. ಆದ್ರ ಮೇಜಿನ ಮ್ಯಾಲ ಕುಂತ ಸಣ್ಣ ಓಟಿಜಿಗೆ ಭಟ್ಟಿ ಅಂದ್ರ ಮನ್ಯಾಗ ನಗತಾರ.

ಇನ್ನೊಂದು, ಎಣ್ಣಿ ಕಮ್ಮಿ, ಹೊಟ್ಟಿಗೆ ತ್ರಾಸಿಲ್ಲ ಅನ್ನೂ ಅರ್ಥಕ್ಕ "ಹಗುರ ಚಿಕನ್" ಅಂತ ಹೆಸರಿಟ್ಟಿದ್ದೆ. ಅಪ್ಪ ಓದಿ, ಚಿಕನ್ ಎಲ್ಲಿಗೆ ಹಗೂರ ಹೊಂಟೈತಿ ಅಂದ್ರು. ನಮ್ಮ ಕಡೆ ಹಗೂರ ಅಂದ್ರ ಸಾವಕಾಶ ಅಂತಾನೂ ಐತಲ್ಲ. "ಕಮ್ಮಿ ಎಣ್ಣಿ ಚಿಕನ್" ಅನ್ನೂದು ಸಪ್ಪಗ ಐತಿ, ಆದ್ರ ಸುಳ್ಳಿಲ್ಲ. ಒಂದು ದೊಡ್ಡ ಚಮಚ ಎಣ್ಣಿ ಅಂದ್ರ ಸುಮಾರು 120 ಕ್ಯಾಲೊರಿ, ಕರಿಯಾಕ ಬಾಣಲಿ ತುಂಬಾ ಬೇಕು, ಇಲ್ಲಿ ಎರಡು ಚಮಚದಾಗ ಮುಗೀತು. ಗರಿಗರಿ ಮಾತ್ರ ಕರಿದಷ್ಟು ಬರಂಗಿಲ್ಲ, ಎಣ್ಣಿ ತುಂಡಿನ ಸುತ್ತೂ ಒಮ್ಮೆಲೆ ಕಾವು ಹತ್ತಿಸತೈತಿ, ಗಾಳಿಗೆ ಆ ಜೋರಿಲ್ಲ. ಅದಕ್ಕ ತಂತಿ ಜಾಳಗಿ ಮ್ಯಾಲ ಬಿಡಿಬಿಡಿಯಾಗಿ ಇಟ್ಟು 220 ಡಿಗ್ರಿ, ನಡುವ ಒಮ್ಮೆ ಹೊಳ್ಳಿಸೂದು.

ಕಾರ್ನ್‌ಫ್ಲೋರ್‌ದೂ ಒಂದು ಕತಿ. ಕನ್ನಡ ಮಾಡಬೇಕು ಅನ್ನೂ ಹುರುಪಿನ್ಯಾಗ ಮೊದಲ ಸಲ ಗೋವಿನಜೋಳದ ಹಿಟ್ಟು ಅಂತ ಬರದು ನೆಗೆಣ್ಣಿಗೆ ಕೊಟ್ಟಿದ್ದೆ, ಆಕಿ ಗಿರಣಿಯಾಗ ಬೀಸಿದ ಹಳದಿ ಹಿಟ್ಟು ಹಚ್ಚಿದ್ಲು, ರೊಟ್ಟಿ ಚೂರು ಮೆತ್ತಿದಂಗ ಆತು. ಅಂಗಡಿಯ ಬಿಳೇದು ಬರೇ ಪಿಷ್ಟ. ಪಿಷ್ಟ ಅಂದ್ರ ಪಾಠದ ಪುಸ್ತಕ ನೆನಪಾಗತೈತಿ, ಗಂಜಿ ಅಂದ್ರ ಅರಬಿಗೆ ಹಾಕೂದು. ಇದನ್ನ ಕಾರ್ನ್‌ಫ್ಲೋರ್ ಅಂತಾನ ಬಿಡೂದು ವಾಸಿ ಅಂತ ನನ್ನ ಮತ.

ಸಾಸ್ ಹಿಡಿಸೂದಕ್ಕ ಮಾತ್ರ ಪದ ಹುಡುಕಬೇಕಾಗಲಿಲ್ಲ. ಸೋಯಾ, ವಿನೆಗರ್, ಬೆಲ್ಲ, ಬಳ್ಳೊಳ್ಳಿ, ಬ್ಯಾಡಗಿ ಮೆಣಸಿನಕಾಯಿ ಕುದಿಸಿ, ನೀರಿನ್ಯಾಗ ಕದಡಿದ ಒಂದು ಚಮಚ ಕಾರ್ನ್‌ಫ್ಲೋರ್ ಬಿಟ್ರ ಅಂಟಂಟು ಆಗತೈತಿ, ಅದರಾಗ ತುಂಡು ಹೊಳ್ಳಾಡಿಸಿದ್ರ "ಪಾಕ ಹಿಡೀತು" ಅಂತಾರ ನಮ್ಮವ್ವ. ಮ್ಯಾಲ ಎಳ್ಳು, ಸಜ್ಜಿ ರೊಟ್ಟಿಗೆ ಹಚ್ಚಿದಂಗ. ಅಮೀನಗಡದ ಕರದಂಟು ತಿನ್ನೂ ನಾಡಿಗೆ ಇದೇನು ಹೊಸಾದು? ಅದೂ ಕರಿದ ಅಂಟು, ಬೆಲ್ಲದ ಪಾಕ. ಕರಿಯೂದನ್ನ ಹೆಸರಿನ್ಯಾಗ ಇಟ್ಟುಕೊಂಡ ಊರಿನವರಿಗೆ ಕರೀದ ಮಾಡೂದಕ್ಕ ಹೆಸರು ಸಿಗವಲ್ದು.

ಈಗ ಕೇಳೂದು ಇಷ್ಟ. ವಿಜಯಪುರ, ಬೆಳಗಾವಿ ಕಡೆಯವರು ರೊಟ್ಟಿಗೆ ಬೇಸು ಅಂತೀರೋ ಸುಡು ಅಂತೀರೋ? ಬ್ಯಾಳಿಗೆ ಬೇಸು ಅನ್ನೂದು ಎಲ್ಲಿಂದ ಶುರು ಆಗತೈತಿ, ಹಾವೇರಿನೋ, ದಾವಣಗೆರೆನೋ? ದಕ್ಷಿಣದವರಿಗೆ "ಒಣ ಬೇಸು" ಅಂತ ಬರದ್ರ ಕುಕ್ಕರ್ ಇಡದಂಗ ತಡೀಬಹುದೇನು? ಮೈಸೂರಿನ ಗೆಳತಿ ಮುಂದಿನ ಐತವಾರ ಮತ್ತ ಮಾಡ್ತಾಳಂತ, ಅದರೊಳಗ ಉತ್ತರ ಬಂದ್ರ ಅನುಕೂಲ ಆಗತೈತ್ರಿ.